ಚೀಲದವಳು ಬಂದ ಮೇಲೆ

ಜನವರಿ 7, ಮಂಗಳವಾರ

ನಮ್ಮ ಮನೆಯ ಕರೆಗಂಟೆ ಒತ್ತಿದರೆ ತಮ್ಮನ ಕೋಣೆಯಲ್ಲಿ ಒಂದು ಕೆಂಪು ದೀಪವೂ ಹೊತ್ತಿಕೊಳ್ಳುತ್ತದೆ. ದೀಪ ಹೊತ್ತಿದರೂ ಅವನು ಕುಂಚ ಕೆಳಗಿಟ್ಟು ಏಳುವವನಲ್ಲ. ಬಾಗಿಲು ತೆಗೆಯುವುದು ಅಕ್ಕನ ಕೆಲಸ, ಬಂದವರ ಜೊತೆ ಮಾತಾಡುವುದೂ ಅಕ್ಕನ ಕೆಲಸ. ಇವತ್ತು ನಾನು ಅಡುಗೆಮನೆಯಿಂದ ಕೈ ಒರೆಸಿಕೊಂಡು ಬರುವಷ್ಟರಲ್ಲಿ ಅವನೇ ಬಾಗಿಲು ತೆಗೆದಿದ್ದ. ತಲೆ ಬೇರೆ ಬಾಚಿಕೊಂಡಿದ್ದ. ಇದರಲ್ಲಿ ಏನೋ ಇದೆ ಎಂದು ನನಗೆ ಆಗಲೇ ಅನ್ನಿಸಿತು.

ಬಂದವಳು ನಲವತ್ತೈದರ ಆಸುಪಾಸಿನ ಹೆಂಗಸು. ಹೆಗಲಲ್ಲಿ ಒಂದು ಚೀಲ. ಒಂದು ಸಂಸಾರವನ್ನೇ ತುಂಬಿಕೊಂಡು ಹೋಗಬಹುದು, ಅಷ್ಟು ದೊಡ್ಡದು. "ಯಾರು ನೀವು, ಎಲ್ಲಿಂದ ಬಂದ್ರಿ?" ಎಂದೆ. ಅವಳು ನಕ್ಕು, ತನ್ನ ಕಿವಿ ಮುಟ್ಟಿ, ಇಲ್ಲ ಎಂದು ಕೈ ಆಡಿಸಿದಳು. ತಮ್ಮನ ಹಾಗೆಯೇ ಕಿವುಡಿ. ಇಬ್ಬರೂ ಅವನ ಕೋಣೆಗೆ ಹೋಗಿ ಎದುರುಬದುರು ಕೂತರು. ಆಮೇಲೆ ನಡೆದದ್ದನ್ನು ನೋಡಿ ನಾನು ಕೈಯಲ್ಲಿದ್ದ ಬಟ್ಟೆಯನ್ನು ಹಿಡಿದುಕೊಂಡು ಹಾಗೆಯೇ ನಿಂತುಬಿಟ್ಟೆ.

ನನ್ನ ತಮ್ಮ ಎರಡು ಕೈಯಲ್ಲೂ ಮಾತಾಡುತ್ತಿದ್ದ. ಕಟ್ಟೆ ಒಡೆದ ಕೆರೆಯ ಹಾಗೆ.

ಜ್ವರ ಬಂದು ಅವನ ಕಿವಿ ಹೋದಾಗ ಅವನಿನ್ನೂ ಐದರ ಮಗು, ನಾನು ಒಂಬತ್ತರವಳು. ಅವತ್ತಿನಿಂದ ನಮ್ಮಿಬ್ಬರ ಮಧ್ಯೆ ಇದ್ದದ್ದು ಹತ್ತಾರು ಸನ್ನೆ. ಊಟ, ಸ್ನಾನ, ಬಣ್ಣ, ಬಾ, ಬೇಡ, ಕೋಪ. ಅಷ್ಟೇ ಸಾಕಾಗಿತ್ತು. ನಾನು ತುಟಿ ಬಿಡಿಸಿ ಮಾತಾಡಿದರೆ ಅವನಿಗೆ ತಿಳಿಯುತ್ತದೆ. ಅವನಿಗೆ ಬೇಕಾದದ್ದು ಅವನು ಹೇಳುವ ಮೊದಲೇ ನನಗೆ ತಿಳಿಯುತ್ತದೆ. ಅಂಥವನು ಇಷ್ಟು ಮಾತನ್ನು ಎಲ್ಲಿ ಬಚ್ಚಿಟ್ಟಿದ್ದ? ಯಾರು ಕಲಿಸಿದರು? ಭಾನುವಾರ ಸಂಜೆ ಕಿವುಡರ ಸಂಘಕ್ಕೆ ಹೋಗುತ್ತಾನೆ, ಕ್ಯಾರಂ ಆಡಿ ಬರುತ್ತಾನೆ ಎಂದು ತಿಳಿದುಕೊಂಡಿದ್ದೆ. ಕ್ಯಾರಂ ಆಡಿದವನ ಬೆರಳಿಗೆ ಪೌಡರ್ ಅಂಟಿರಬೇಕಲ್ಲ. ಇವನ ಬೆರಳಲ್ಲಿ ಒಂದು ದಿನವೂ ಪೌಡರ್ ಕಂಡಿಲ್ಲ ಎನ್ನುವುದು ಈಗ ಹೊಳೆಯುತ್ತಿದೆ.

ಜನವರಿ 9, ಗುರುವಾರ

ಕಲಾಮಂದಿರದ ಕಾರ್ಯದರ್ಶಿ ಫೋನ್ ಮಾಡಿದ್ದರು. ಮುಂದಿನ ತಿಂಗಳ ಕೊನೆಗೆ ತಮ್ಮನ ನಲವತ್ತು ವರ್ಷದ ಚಿತ್ರಗಳ ಪ್ರದರ್ಶನ. ಅದರ ಜೊತೆಗೆ ಅವನ ಬದುಕಿನ ಮೇಲೆ ಒಂದು ಸಣ್ಣ ಪುಸ್ತಕ. ಬರೆಯುವವಳು ಈ ಚೀಲದವಳು. ಬೆಟ್ಟದ ಕಡೆ ಕಿವುಡ ಮಕ್ಕಳ ವಸತಿ ಶಾಲೆಯಲ್ಲಿ ಟೀಚರಂತೆ.

"ಅವರನ್ನ ಕರೆಸಿದ್ದು ನಿಮ್ಮ ತಮ್ಮನೇ ಅಲ್ವಾ? ನಿಮಗೆ ಹೇಳಿಲ್ವಾ ಅಕ್ಕಾ?" ಎಂದರು ಕಾರ್ಯದರ್ಶಿ.

"ಹೇಳಿದ್ದಾನೆ, ಹೇಳಿದ್ದಾನೆ" ಎಂದೆ. ಮನೆಯ ಮಾನ ಕಾಯಬೇಕಲ್ಲ.

ಅವನ ಬದುಕು ನನಗಿಂತ ಇನ್ನಾರಿಗೆ ಗೊತ್ತು? ಅಪ್ಪನ ಬೋರ್ಡ್ ಬರೆಯುವ ಅಂಗಡಿಯಲ್ಲಿ ಅವನು ಅಕ್ಷರದೊಳಗೆ ಬಣ್ಣ ತುಂಬುತ್ತಿದ್ದ. ಮೀಸೆ ಮೂಡುವ ಹೊತ್ತಿಗೆ ಫೋಟೋ ಸ್ಟುಡಿಯೋಗಳಿಗೆ ಪರದೆ ಬರೆಯುತ್ತಿದ್ದ. ಒಂದು ಕೆರೆ, ಹಿಂದೆ ಒಂದು ಗುಡ್ಡ, ಕೆರೆಯಲ್ಲಿ ಎರಡು ಹಂಸ. ಆ ಕಾಲದಲ್ಲಿ ಈ ಊರಿನಲ್ಲಿ ಯಾರು ಫೋಟೋ ತೆಗೆಸಿಕೊಂಡರೂ ಹಿಂದೆ ನನ್ನ ತಮ್ಮನ ಹಂಸ ಇರುತ್ತಿತ್ತು. ಒಂದು ಸಲ ಹಂಸ ಬಿಟ್ಟು ಬರೆದ. ಸ್ಟುಡಿಯೋದವನು ಬಂದು ಕೂಗಾಡಿದ. ಕಿವುಡನ ಎದುರು ಕೂಗಾಡಿ ಏನು ಬಂತು? ಇವನು ಬಣ್ಣದ ಪೆಟ್ಟಿಗೆ ಎತ್ತಿಕೊಂಡು ನಿಜವಾದ ಕೆರೆ ಹುಡುಕಿಕೊಂಡು ಹೊರಟ. ಆಮೇಲೆ ಪರದೆ ಮುಟ್ಟಲೇ ಇಲ್ಲ. ಗುಡ್ಡ, ಬಯಲು, ಹೊಳೆಯ ದಂಡೆ ಎಂದು ಹೋದಲ್ಲೆಲ್ಲ ಕೂತು ಬರೆದ. ಬೆನ್ನ ಹಿಂದೆ ಯಾರು ಬಂದರೂ ಗೊತ್ತಾಗುವುದಿಲ್ಲ ಎಂದು ಚಿತ್ರದ ಹಲಗೆಯ ಮೂಲೆಗೆ ಸೈಕಲ್ಲಿನ ಕನ್ನಡಿ ಸಿಕ್ಕಿಸಿಕೊಂಡಿದ್ದ.

ಗ್ರಂಥಾಲಯದ ಪಡಸಾಲೆಯಲ್ಲಿ ಅವನ ಮೊದಲನೆಯ ಪ್ರದರ್ಶನ. ಪತ್ರಿಕೆಯವನು ಬಂದು, ಇವರ ಚಿತ್ರದಲ್ಲಿ ಏನಿದೆ ಎಂದು ಕೇಳಿದ. ತಮ್ಮ ಕೈಯಲ್ಲಿ ಏನೋ ತೋರಿಸಿದ. ನಾನು, "ಇವನು ಮೌನವನ್ನು ಬರೆಯುತ್ತಾನೆ" ಎಂದೆ. ಮರುದಿನ ಅದೇ ತಲೆಬರಹ. ಆ ಒಂದು ಮಾತಿನಿಂದ ಅವನಿಗೆ ಹೆಸರು ಬಂತು. ಅಂದಿನಿಂದ ಪ್ರತಿ ಪ್ರದರ್ಶನದಲ್ಲೂ ಅವನ ಪಕ್ಕ ನಿಂತು ಮಾತಾಡುವವಳು ನಾನೇ. ಅವನ ಎಲ್ಲ ಚಿತ್ರದಲ್ಲೂ ಕೆಳಗಡೆ, ನೋಡುವವರ ಕಾಲ ಬಳಿ ಅನ್ನುವ ಹಾಗೆ, ಬಿಸಿಲು ಬಿದ್ದ ಒಂದು ಖಾಲಿ ಜಾಗ ಇರುತ್ತದೆ. ಅದೇನು ಎಂದು ಎಲ್ಲರೂ ಕೇಳುತ್ತಾರೆ. "ಅದು ಅವನ ಒಂಟಿತನ" ಎನ್ನುತ್ತೇನೆ. ಕೇಳಿದವರ ಕಣ್ಣು ತುಂಬುತ್ತದೆ.

ಇಷ್ಟೆಲ್ಲ ನನ್ನನ್ನು ಕೇಳದೆ ಚೀಲದವಳು ಏನು ಬರೆದಾಳು?

ಜನವರಿ 14, ಮಂಗಳವಾರ

ಬೆಳ್ಳಗಿದ್ದದ್ದೆಲ್ಲ ಹಾಲಲ್ಲ. ಕಿವಿ ತೋರಿಸಿದವರೆಲ್ಲ ಕಿವುಡರಲ್ಲ. ಪರೀಕ್ಷೆ ಮಾಡಿಯೇ ನೋಡೋಣ ಎಂದು ಅವಳ ಬೆನ್ನ ಹಿಂದೆ ನಿಂತು ದೊಡ್ಡ ಪಾತ್ರೆಯ ಮುಚ್ಚಳವನ್ನು ಕೆಳಗೆ ಬಿಟ್ಟೆ. ತಟ್ಟನೆ ತಿರುಗಿದಳು. ಸಿಕ್ಕಿಬಿದ್ದಳು ಎಂದುಕೊಂಡೆ. ನೋಡಿದರೆ ತಮ್ಮನೂ ತಿರುಗಿದ್ದ. ನಮ್ಮದು ಮರದ ನೆಲ, ನಡುಕ ಅಂಗಾಲಿಗೆ ತಿಳಿಯುತ್ತದೆ. ಅವನನ್ನು ಊಟಕ್ಕೆ ಕರೆಯಲು ನಾನೇ ದಿನವೂ ಕಾಲು ಬಡಿಯುತ್ತೇನೆ, ಅದು ಮರೆತೇ ಹೋಗಿತ್ತು. ಮುಚ್ಚಳ ಸೊಟ್ಟಗಾಯಿತು, ಅಷ್ಟೇ ಲಾಭ.

ಅವಳು ಚೀಲದಿಂದ ಮೂರು ಕಾಲಿನ ಸ್ಟ್ಯಾಂಡು ತೆಗೆದು, ಅದರ ಮೇಲೆ ಕ್ಯಾಮೆರಾ ಕೂರಿಸಿ, ಅವನು ಮಾತಾಡುವುದನ್ನೆಲ್ಲ ಹಿಡಿದುಕೊಳ್ಳುತ್ತಾಳೆ. ಅಟ್ಟದ ಮೇಲಿನ ಹಳೆಯ ಚಿತ್ರಗಳನ್ನೆಲ್ಲ ಇಳಿಸಿ ಬೆಳಕಿಗೆ ಹಿಡಿದು ನೋಡುತ್ತಾಳೆ. ಯಾವುದಕ್ಕೆ ಬೆಲೆ ಹೆಚ್ಚು ಎಂದು ನೋಡುತ್ತಿದ್ದರೂ ಇರಬಹುದು.

ಇನ್ನೊಂದು ವಿಷಯ. ಮಾತಿನ ನಡುವೆ ತಮ್ಮ ಆಗಾಗ ಅಂಗೈಯನ್ನು ತನ್ನ ಗಂಟಲ ಮೇಲೆ ಇಟ್ಟುಕೊಳ್ಳುತ್ತಾನೆ. ಇಟ್ಟುಕೊಂಡು ಅಡುಗೆಮನೆಯ ಕಡೆಗೆ ನೋಡುತ್ತಾನೆ. ಅಡುಗೆಮನೆಯಲ್ಲಿ ಇರುವವಳು ನಾನೊಬ್ಬಳೇ.

ಜನವರಿ 20, ಸೋಮವಾರ

ದೂರವಾಣಿ ಕಚೇರಿಯಲ್ಲಿ ನಾನು ಮೂವತ್ತು ವರ್ಷ ಲೈನ್ ಜೋಡಿಸುತ್ತಿದ್ದೆ. ನನ್ನ ಕೈಗೆ ಬಂದ ಲೈನಿನಲ್ಲಿ ಯಾರು ಯಾರಿಗೆ ಏನೆಂದರು ಎಂದು ನನಗೆ ತಿಳಿಯದೆ ಇರುತ್ತಿರಲಿಲ್ಲ. ಕದ್ದು ಕೇಳುವುದಲ್ಲ ಅದು, ಲೈನ್ ಸರಿ ಇದೆಯೋ ಇಲ್ಲವೋ ನೋಡುವುದು. ಈಗ ನನ್ನ ಮನೆಯ ನಟ್ಟನಡುವೆ ಬೆಳಗಿನಿಂದ ಮಾತು ಹರಿಯುತ್ತಿದೆ, ನಾನು ಕಂಬದ ಹಾಗೆ ನಿಂತಿದ್ದೇನೆ. ಅವರಿಬ್ಬರೂ ನಗುತ್ತಾರೆ. ಏನು ಎಂದು ತಮ್ಮನನ್ನು ಕೇಳಿದರೆ "ಏನಿಲ್ಲ" ಎಂದು ಕೈ ಬೀಸುತ್ತಾನೆ.

ಈ ಕೈ ಬೀಸುವುದನ್ನು ಎಲ್ಲೋ ನೋಡಿದ್ದೇನೆ ಅನ್ನಿಸಿತು. ಮನೆಗೆ ಬಂದವರ ಜೊತೆ ಮಾತಾಡುವಾಗ ಅವನು ಏನು ಎಂದು ನನ್ನನ್ನು ಕೇಳಿದರೆ ನಾನೂ ಹಾಗೆಯೇ ಬೀಸುತ್ತಿದ್ದೆ. ಅದು ಬೇರೆ ಮಾತು. ನನಗೆ ಕೆಲಸವಿರುತ್ತಿತ್ತು.

ಮಾರುಕಟ್ಟೆಯ ಹತ್ತಿರದ ಜೆರಾಕ್ಸ್ ಅಂಗಡಿಯ ಹಿಂದಿನ ಕೋಣೆಯಲ್ಲಿ ದಿನವೂ ಕೈಮಾತಿನ ಪಾಠ ನಡೆಯುತ್ತದೆಯಂತೆ. ನಾಳೆಯಿಂದ ಹೋಗುತ್ತೇನೆ. ಮೊಣಕಾಲಿನ ವ್ಯಾಯಾಮಕ್ಕೆ ಎಂದು ತಮ್ಮನಿಗೆ ಹೇಳಿದ್ದೇನೆ. ಅವನು ನನ್ನ ಮುಖವನ್ನು ಸ್ವಲ್ಪ ಹೆಚ್ಚೇ ಹೊತ್ತು ನೋಡಿದ.

ಜನವರಿ 28, ಮಂಗಳವಾರ

ಪಾಠ ಹೇಳುವವಳು ಆ ಅಂಗಡಿಯ ಹುಡುಗಿಯೇ. ಅವಳಿಗೆ ಕಿವಿ ಕೇಳುತ್ತದೆ, ಅಪ್ಪ ಅಮ್ಮನಿಗೆ ಕೇಳುವುದಿಲ್ಲ. ಬಾಯಿ ಬರುವ ಮೊದಲೇ ಅವಳಿಗೆ ಕೈ ಬಂತಂತೆ. ಕಲಿಯಲು ಬರುವವರು ಕಿವುಡ ಮಕ್ಕಳ ಎಳೆಯ ತಾಯಂದಿರು. ಅವರ ನಡುವೆ ನಾನೊಬ್ಬಳು ಮುದುಕಿ. ಯಾರಿಗೋಸ್ಕರ ಎಂದು ಕೇಳಿದರು. ಮೊಮ್ಮಗಳಿಗೆ ಎಂದೆ. ಇಲ್ಲದ ಮೊಮ್ಮಗಳಿಗೆ ಒಂದು ಹೆಸರು, ವಯಸ್ಸು, ಮುಂದಿನ ಹಲ್ಲು ಬಿದ್ದದ್ದು ಎಲ್ಲವನ್ನೂ ಹೇಳಬೇಕಾಯಿತು.

"ಅಜ್ಜಿ, ನಿಮ್ಮ ಕೈ ಪರವಾಗಿಲ್ಲ. ಮುಖ ಮಾತ್ರ ಗೋಡೆ ಥರ ಇದೆ" ಎಂದಳು ಹುಡುಗಿ. "ಅರ್ಧ ಮಾತು ಮುಖದಲ್ಲೇ ಇರೋದು. ಯಾಕೆ ಅಂತ ಕೇಳ್ಬೇಕಾದ್ರೆ ಹುಬ್ಬು ಗಂಟು ಹಾಕಿ."

ಹಾಕಿದೆ.

"ಅಬ್ಬಾ, ಇದನ್ನ ಎಲ್ಲಿ ಕಲಿತ್ರಿ? ಇಷ್ಟು ಚೆನ್ನಾಗಿ ಇಲ್ಲಿ ಯಾರೂ ಹಾಕಲ್ಲ."

ಅದು ನನಗೆ ಹುಟ್ಟಿನಿಂದಲೇ ಬಂದದ್ದು ಎಂದೆ. ಎಲ್ಲರೂ ನಕ್ಕರು. ನಾನು ತಮಾಷೆಗೆ ಹೇಳಿರಲಿಲ್ಲ.

ಫೆಬ್ರವರಿ 3, ಸೋಮವಾರ

ಪಾಠ ಮುಗಿದ ಮೇಲೆ ಹುಡುಗಿಯನ್ನು ಪಕ್ಕಕ್ಕೆ ಕರೆದು ಕೇಳಿಯೇಬಿಟ್ಟೆ. "ಹೀಗೆ ಅಂಗೈ ಗಂಟಲ ಮೇಲೆ ಇಟ್ಟರೆ ಏನಮ್ಮಾ? ಕುತ್ತಿಗೆ ಹಿಸುಕೋದಾ?"

ಅವಳು, "ಅಯ್ಯೋ, ನೀವು ಚಿತ್ರದವರ ಅಕ್ಕನಾ?" ಎಂದಳು. ಮೊಮ್ಮಗಳ ಕಥೆ ಅಲ್ಲಿಗೆ ಮುಗಿಯಿತು.

ಕೈಮಾತಿನವರು ಒಬ್ಬೊಬ್ಬರಿಗೂ ಒಂದೊಂದು ಗುರುತಿನ ಸನ್ನೆ ಇಟ್ಟುಕೊಂಡಿರುತ್ತಾರಂತೆ. ಹೆಸರು ಇದ್ದ ಹಾಗೆ. ನನ್ನ ಗುರುತು ಅದು, ಗಂಟಲ ಮೇಲೆ ಅಂಗೈ. "ಚಿಕ್ಕಂದಿನಲ್ಲಿ ಅಕ್ಕ ಮಾತಾಡುವಾಗ ಗಂಟಲ ಮೇಲೆ ಕೈ ಇಟ್ಟುಕೊಂಡು ಕೂತಿರ್ತಿದ್ದೆ, ಒಳಗೆ ಜೇನುಗೂಡು ಇದ್ದ ಹಾಗಿರ್ತಿತ್ತು ಅಂತ ಸಂಘದಲ್ಲಿ ಎಲ್ರಿಗೂ ಹೇಳಿದ್ದಾರೆ ಅಜ್ಜಿ" ಎಂದಳು.

ಹೌದು, ಕೂತಿರುತ್ತಿದ್ದ. ರಾತ್ರಿ ಕಥೆ ಹೇಳು ಎಂದು ಕಾಡುತ್ತಿದ್ದ. ಕೇಳದವನಿಗೆ ಏನು ಕಥೆ ಎಂದು ಅಮ್ಮ ಬೈಯುತ್ತಿದ್ದಳು. ನಾನು ಹೇಳುತ್ತಿದ್ದೆ, ಅವನು ಗಂಟಲ ಮೇಲೆ ಕೈ ಇಟ್ಟುಕೊಂಡೇ ನಿದ್ದೆಹೋಗುತ್ತಿದ್ದ.

ಆದರೆ ಇದನ್ನೆಲ್ಲ ಜೆರಾಕ್ಸ್ ಅಂಗಡಿಯ ಹುಡುಗಿಗೆ ಹೇಳುವ ಅಗತ್ಯವೇನಿತ್ತು? ಇನ್ನೂ ಏನೇನು ಹೇಳಿದ್ದಾನೋ.

ಫೆಬ್ರವರಿ 8, ಶನಿವಾರ

ತಮ್ಮ ಬಣ್ಣದ ಟ್ಯೂಬುಗಳನ್ನು ಎರಡು ಪೆಟ್ಟಿಗೆಗೆ ಬೇರೆ ಬೇರೆ ತುಂಬುತ್ತಿದ್ದಾನೆ. ಚಿತ್ರ ಬರೆಯುವ ದೊಡ್ಡ ಸ್ಟ್ಯಾಂಡನ್ನು ಚೌಕಟ್ಟು ಹಾಕುವವನಿಗೆ ಕೊಟ್ಟುಬಿಟ್ಟಿದ್ದಾನೆ. ಅಳತೆ ಟೇಪು ಹಿಡಿದು ಟ್ರಂಕಿನ ಉದ್ದ ನೋಡುತ್ತಿದ್ದ. ಇದೆಲ್ಲ ಪ್ರದರ್ಶನದ ತಯಾರಿಯಂತೆ ಕಾಣುವುದಿಲ್ಲ. ಚೀಲದವಳು ನನ್ನ ತಮ್ಮನನ್ನೇ ಚೀಲಕ್ಕೆ ಹಾಕಿಕೊಂಡು ಹೋಗುವ ಲೆಕ್ಕದಲ್ಲಿದ್ದಾಳೆ.

ಅವನ ಕೋಣೆಯ ಕಿಟಕಿ ಹಿಂದಿನ ಗಲ್ಲಿಗೆ ತೆರೆದುಕೊಳ್ಳುತ್ತದೆ. ಎದುರಿಗೆ ಇಸ್ತ್ರಿ ಅಂಗಡಿ. ಅದರ ಮೆಟ್ಟಿಲ ಮೇಲೆ ಹೋಗಿ ಕೂತೆ. ಕೈಮಾತಿನಲ್ಲಿ ಇದೊಂದು ಅನುಕೂಲ. ಗಲ್ಲಿಯ ಈಚೆಯಿಂದಲೂ ಅಕ್ಷರ ಬಿಡದೆ ಕೇಳಬಹುದು.

"ಏನಮ್ಮಾ, ನಿಮ್ಮನೇನೇ ಕಣ್ಣಿಟ್ಟು ನೋಡ್ತಾ ಇದ್ದೀರಿ?" ಎಂದ ಇಸ್ತ್ರಿಯವನು.

"ಹೊರಗಿಂದ ಹೇಗೆ ಕಾಣುತ್ತೆ ಅಂತ ನೋಡ್ತಿದ್ದೀನಿ. ಸುಣ್ಣ ಹೊಡಿಸ್ಬೇಕು."

ಎಲ್ಲ ತಿಳಿಯಲಿಲ್ಲ. ಮೂರರಲ್ಲಿ ಒಂದು ಪಾಲು ತಿಳಿಯಿತು. ಚೀಲದವಳು ಹೊಳೆದಂಡೆಯ ಚಿತ್ರವನ್ನು ಗೋಡೆಗೆ ಒರಗಿಸಿ ಕೆಳಗಿನ ಖಾಲಿ ಜಾಗ ಮುಟ್ಟಿ ಹುಬ್ಬು ಗಂಟಿಕ್ಕಿದಳು. ಯಾಕೆ? ತಮ್ಮ ಎದ್ದು ಚಿತ್ರದ ಮುಂದೆ ನಿಂತ. ಇಲ್ಲಿ ಒಬ್ಬರು ನಿಲ್ಲಬೇಕು ಎಂದ. ಬಿಸಿಲು ಅವರ ಎದುರಿಗೆ ಬೀಳಬೇಕು, ಬೆನ್ನಿಗೆ ಬಿದ್ದರೆ ಕೈ ಕಪ್ಪಾಗುತ್ತದೆ, ಮಾತು ಕಾಣುವುದಿಲ್ಲ. ಅದಕ್ಕೇ ಅಷ್ಟು ಜಾಗ, ಅದಕ್ಕೇ ಆ ಬೆಳಕು. ಮೊದಲು ಜಾಗ ಮಾಡಿಕೊಳ್ಳುತ್ತೇನೆ, ಆಮೇಲೆ ಗುಡ್ಡ ಬರೆಯುತ್ತೇನೆ ಎಂದ. ಅವಳು ಏನೋ ಕೇಳಿದಳು. ಅವನು ನಕ್ಕು, ಇನ್ನೂ ಯಾರೂ ಬಂದಿಲ್ಲ ಎಂದ. ಮೌನದ ಬಗ್ಗೆಯೂ ಏನೋ ಬಂತು. ತುಟಿಯ ಮೇಲೆ ಬೆರಳಿಟ್ಟು ತೋರಿಸಿ, ಅದು ಹೇಗಿರುತ್ತದೆ ಎಂದು ನನಗೇನು ಗೊತ್ತು, ಅದನ್ನು ಕಂಡವಳು ಅಕ್ಕ ಎಂದ.

ನಾನು ಜನರಿಗೆ ಒಂಟಿತನ ಎಂದು ಹೇಳುತ್ತಿದ್ದೆ. ಅದೂ ತೀರ ದೂರವೇನಲ್ಲ. ಆದರೂ ಇದು ಅವನ ಸ್ವಂತ ಮಾತೋ, ಅವಳು ಹೇಳಿಕೊಟ್ಟದ್ದೋ? ಎದ್ದು ಬರುವಾಗ ಇಸ್ತ್ರಿಯವನು, ಯಾವ ಬಣ್ಣ ಹೊಡಿಸ್ತೀರಿ ಎಂದು ಕೇಳಿದ.

ಫೆಬ್ರವರಿ 13, ಗುರುವಾರ

ಎಲ್ಲ ಕೆಟ್ಟಿತು. ಚಹಾದಿಂದ ಕೆಟ್ಟಿತು.

ಇಬ್ಬರಿಗೂ ಚಹಾ ಕೊಟ್ಟು, ತಟ್ಟೆ ಒರೆಸುವ ನೆವದಲ್ಲಿ ಅಲ್ಲೇ ನಿಂತಿದ್ದೆ. ತಮ್ಮ ಒಂದು ಗುಟುಕು ಕುಡಿದು ಅವಳಿಗೆ ಹೇಳಿದ: "ನೋಡಿಕೊಂಡು ಕುಡಿ. ಕುಂಚ ತೊಳೆದ ನೀರು ಯಾವುದು, ಅಕ್ಕನ ಚಹಾ ಯಾವುದು ಅಂತ ನನಗೇ ಎಷ್ಟೋ ಸಲ ಗೊತ್ತಾಗುವುದಿಲ್ಲ."

ತಟ್ಟೆ ಕೆಳಗಿಟ್ಟೆ, ನನ್ನ ಎರಡು ಕೈಯೂ ತಾವಾಗಿಯೇ ಎದ್ದವು. "ಹಾಗಾದರೆ ಕುಡಿಯಬೇಡ. ನಾಳೆಯಿಂದ ನೀನೇ ಮಾಡಿಕೋ."

ತಮ್ಮ ಕಲ್ಲಾಗಿ ಕೂತ. ನಾನೂ ಕಲ್ಲಾದೆ. ಮೊದಲು ನಕ್ಕವಳು ಚೀಲದವಳು. ಆಮೇಲೆ ಅವನು. ಚಹಾ ಅಂಗಿಯ ಮೇಲೆಲ್ಲ ಚೆಲ್ಲಿಕೊಂಡು, ಕಣ್ಣಲ್ಲಿ ನೀರು ಬರುವವರೆಗೆ ನಕ್ಕ. ಅವನು ನಗುವಾಗ ಬರುವ ಸದ್ದು ಅವನಿಗೆ ಗೊತ್ತಿಲ್ಲ, ಹಳೆಯ ಬಾಗಿಲು ತೆರೆದಂತಿರುತ್ತದೆ. ನಾನು ಒಳಗೆ ಹೋಗಿ ಚಿಲಕ ಹಾಕಿಕೊಂಡೆ. ನನ್ನನ್ನು ನೋಡಿಯೇ ನಕ್ಕದ್ದು, ಅದರಲ್ಲಿ ಅನುಮಾನವಿಲ್ಲ.

ಫೆಬ್ರವರಿ 14, ಶುಕ್ರವಾರ

ಬೆಳಿಗ್ಗೆ ಅವನೇ ಚಹಾ ಮಾಡಿ ತಂದು ನನ್ನೆದುರು ಕೂತ. ನನ್ನದಕ್ಕಿಂತ ಕೆಟ್ಟದಾಗಿತ್ತು.

"ಯಾವಾಗ ಕಲಿತೆ?" ಎಂದ.

"ನೀನು ಯಾವಾಗ ಕಲಿತೆ?" ಎಂದೆ.

"ಹನ್ನೆರಡು ವರ್ಷ ಆಯಿತು. ನಿನಗೆ ಎಷ್ಟು ಸಲ ತೋರಿಸಿದೆ. ನೀನು ಕೈ ಹಿಡಿದು ಕೆಳಗಿಟ್ಟು, ನನಗೆ ಗೊತ್ತಾಯಿತು ಬಿಡು ಎನ್ನುತ್ತಿದ್ದೆ."

ನನಗೆ ಹಾಗೆ ಮಾಡಿದ ನೆನಪಿಲ್ಲ. ಅವನು ಬೇಗ ಬೇಗ ಮಾತಾಡುತ್ತಾನೆ, ನಿಧಾನ ಎಂದು ಎಷ್ಟು ಸಲ ಹೇಳಬೇಕಾಯಿತು. ಊಟದ ಹೊತ್ತು ಮೀರಿತು. ಅಪ್ಪನ ಅಂಗಡಿಯ ವಿಷಯ ಬಂತು. ಹಂಸ ಬಿಟ್ಟದ್ದು ಯಾಕೆ ಎಂದು ಕೇಳಿದೆ. "ಹಂಸ ಇದ್ದರೆ ದಡದಲ್ಲಿ ಒಬ್ಬರು ನಿಲ್ಲುವಷ್ಟು ಜಾಗ ಉಳಿಯುತ್ತಿರಲಿಲ್ಲ" ಎಂದ.

ಆಮೇಲೆ ಆ ಮಾತು ಹೇಳಿದ. ಪ್ರದರ್ಶನ ಮುಗಿದ ಮೇಲೆ ಬೆಟ್ಟದ ಶಾಲೆಗೆ ಹೋಗುತ್ತಾನಂತೆ. ಮಕ್ಕಳಿಗೆ ಚಿತ್ರ ಕಲಿಸುತ್ತಾನಂತೆ. ಅಲ್ಲೇ ಇರುತ್ತಾನಂತೆ.

"ಅವಳು ಕರೆದಳಾ?"

"ಇಲ್ಲ. ನಾನೇ ಕೇಳಿಕೊಂಡೆ."

"ಇಲ್ಲಿ ನಿನಗೆ ಏನು ಕಡಿಮೆಯಾಗಿದೆ?"

"ಅಲ್ಲಿ ಅಡುಗೆಯವನೂ ಕೈಯಲ್ಲಿ ಮಾತಾಡುತ್ತಾನೆ ಅಕ್ಕಾ. ತೋಟದವನೂ ಮಾತಾಡುತ್ತಾನೆ. ಗಿಡ ಮರ ನೋಡಿದ್ದು ಸಾಕು. ಇನ್ನು ಜನರನ್ನು ನೋಡಬೇಕು."

ನಾನು ಕಣ್ಣು ಮುಚ್ಚಿಕೊಂಡೆ. ಚಿಕ್ಕವನಿದ್ದಾಗ ನಾನು ಬೈದರೆ ಅವನು ಹೀಗೆಯೇ ಕಣ್ಣು ಮುಚ್ಚುತ್ತಿದ್ದ. ಕಣ್ಣು ಮುಚ್ಚಿದವರಿಗೆ ಯಾವ ಮಾತೂ ತಲುಪುವುದಿಲ್ಲ.

ಫೆಬ್ರವರಿ 16, ಭಾನುವಾರ

ಅವನ ಕಡೆ ನೋಡಿಲ್ಲ.

ಫೆಬ್ರವರಿ 18, ಮಂಗಳವಾರ

ಪಾಠಕ್ಕೆ ಹೋಗಲಿಲ್ಲ. ಇನ್ನು ಯಾಕೆ? ಊಟ ಬಡಿಸಿ ಅಡುಗೆಮನೆಯಲ್ಲೇ ಇರುತ್ತೇನೆ. ಅವನು ಬಾಗಿಲಲ್ಲಿ ಬಂದು ನಿಂತು ಗಂಟಲ ಮೇಲೆ ಅಂಗೈ ಇಟ್ಟುಕೊಂಡದ್ದು ಕಣ್ಣಂಚಿಗೆ ಕಂಡಿತು. ಒಲೆಯ ಕಡೆ ತಿರುಗಿದೆ.

ಫೆಬ್ರವರಿ 20, ಗುರುವಾರ

ದೇವರು ಒಂದು ಬಾಗಿಲು ತೆಗೆದ ಹಾಗಾಯಿತು. ಕಾರ್ಯದರ್ಶಿ ಫೋನ್ ಮಾಡಿ, "ಅಕ್ಕಾ, ಒಂದು ಸಿಹಿ ಸುದ್ದಿ. ಕಲಾಮಂದಿರದ ಮಹಡಿಯಲ್ಲಿ ಅವರಿಗೆ ಶಾಶ್ವತವಾಗಿ ಒಂದು ಕೋಣೆ ಕೊಡಬೇಕು ಅಂತ ತೀರ್ಮಾನ ಆಗಿದೆ. ಉತ್ತರದ ಬೆಳಕು, ದೊಡ್ಡ ಕಿಟಕಿ. ಉದ್ಘಾಟನೆ ದಿನ ವೇದಿಕೆ ಮೇಲೆ ಅವರು ಒಪ್ಪಿಗೆ ಕೊಟ್ಟರೆ ಅಲ್ಲೇ ಬೀಗದ ಕೈ ಕೊಡ್ತೀವಿ. ಈಗಲೇ ಅವರಿಗೆ ಹೇಳ್ಬೇಡಿ, ಆಶ್ಚರ್ಯ ಆಗ್ಲಿ" ಎಂದರು.

ಬೀಗದ ಕೈ ಎಲ್ಲರೆದುರು ಕೈಗೆ ಬಂದ ಮೇಲೆ ಅವನು ಬೇಡ ಎನ್ನುವುದು ಹೇಗೆ? ಸಂಕೋಚದ ಪ್ರಾಣಿ ಅವನು. ವೇದಿಕೆಯ ಮೇಲೆ ಅವನ ಪಕ್ಕದಲ್ಲಿ ಕೇಳುವ ಕಿವಿ ನನ್ನದೊಂದೇ, ಆಡುವ ಬಾಯಿಯೂ ನನ್ನದೇ. ಜೆರಾಕ್ಸ್ ಅಂಗಡಿಯ ಹುಡುಗಿ ಬರುವುದಿಲ್ಲ, ಅವತ್ತು ಅವಳ ಅಮ್ಮನಿಗೆ ಆಸ್ಪತ್ರೆಯ ದಿನ. ನಾನು ಏನು ಹೇಳಿದರೂ ಅದೇ ಅವನ ಮಾತು.

ಇದರಲ್ಲಿ ತಪ್ಪೇನಿದೆ? ಅವನ ಒಳ್ಳೆಯದು ಅವನಿಗಿಂತ ನನಗೆ ಚೆನ್ನಾಗಿ ಗೊತ್ತು.

ಫೆಬ್ರವರಿ 22, ಶನಿವಾರ

ಸಭಾಂಗಣ ತುಂಬಿತ್ತು. ಗೋಡೆಯುದ್ದಕ್ಕೂ ಗುಡ್ಡ, ಬಯಲು, ಹೊಳೆ. ಒಂದು ಮೂಲೆಯಲ್ಲಿ ಸ್ಟುಡಿಯೋದ ಹಳೆಯ ಪರದೆಯನ್ನೂ ಹುಡುಕಿ ತಂದು ಹಾಕಿದ್ದರು, ಜನ ಅದರ ಮುಂದೆ ನಿಂತು ಫೋಟೋ ತೆಗೆಸಿಕೊಳ್ಳುತ್ತಿದ್ದರು. ನಾನು ಎಲ್ಲ ಚಿತ್ರವನ್ನೂ ನೂರು ಸಲ ನೋಡಿದವಳು. ಇವತ್ತು ಗೋಡೆಯ ಪಕ್ಕದಲ್ಲಿ ನಡೆದು ಹೋಗುವಾಗ ಪ್ರತಿ ಚಿತ್ರದಲ್ಲೂ ಆ ಬಿಸಿಲಿನ ಜಾಗವೇ ಕಣ್ಣಿಗೆ ಬೀಳುತ್ತಿತ್ತು. ಯಾರನ್ನೋ ಕರೆದು, ಅವರು ಬರುವವರೆಗೆ ಕುರ್ಚಿ ಹಾಕಿಟ್ಟ ಹಾಗೆ.

ಕಾರ್ಯದರ್ಶಿ ಮೈಕಿನಲ್ಲಿ ಕೋಣೆಯ ವಿಷಯ ಹೇಳಿದರು. ಚಪ್ಪಾಳೆಯೋ ಚಪ್ಪಾಳೆ. ಮೈಕು ಅವರ ಬಾಯಿಗೆ ಅಡ್ಡವಾಗಿತ್ತು, ತಮ್ಮನಿಗೆ ತುಟಿ ಕಾಣಲಿಲ್ಲ. ಜನ ಯಾಕೆ ಕೈ ತಟ್ಟುತ್ತಿದ್ದಾರೆ ಎಂದು ನನ್ನ ಕಡೆ ನೋಡಿದ. ಚೀಲದವಳು ಮುಂದಿನ ಸಾಲಿನಲ್ಲಿದ್ದಳು, ಅವಳಿಗೂ ಏನೂ ತಿಳಿದಿರಲಿಲ್ಲ. ಕಾರ್ಯದರ್ಶಿ ಮೈಕನ್ನು ನನ್ನ ಕೈಗೆ ಕೊಟ್ಟು, "ಅಕ್ಕ ಹೇಳಲಿ. ಒಪ್ಪಿಗೇನಾ? ಮುಂದೆ ಏನು ಬರೀತಾರೆ?" ಎಂದರು.

ಏನು ಹೇಳಬೇಕು ಎನ್ನುವುದನ್ನು ನಾನು ಮನೆಯಲ್ಲೇ ಬಾಯಿಪಾಠ ಮಾಡಿಕೊಂಡಿದ್ದೆ. ಮಾತು ನಾಲಗೆಯ ತುದಿಯಲ್ಲಿತ್ತು. ಅವನು ನನ್ನ ಕೈಗಳನ್ನೇ ನೋಡುತ್ತ ಕಾಯುತ್ತಿದ್ದ. ಮುಂಚೆ ಯಾವತ್ತೂ ಹೀಗೆ ನೋಡಿದವನಲ್ಲ. ಮುಂಚೆ ಇಂಥ ಹೊತ್ತಿನಲ್ಲಿ ಅವನು ಕಿಟಕಿಯ ಕಡೆ ನೋಡುತ್ತಿದ್ದ.

ಒಂದು ಕೈಯಲ್ಲಿ ಮೈಕು ಹಿಡಿದು ಮಾತಾಡಲು ಆಗುವುದಿಲ್ಲ. ಅದನ್ನು ಮೇಜಿನ ಮೇಲಿಟ್ಟು, ಅಷ್ಟು ಜನರೆದುರು ಕೈಯೆತ್ತಿ ಅವನಿಗೆ ಹೇಳಿದೆ. ಮಹಡಿಯ ಕೋಣೆ, ಉತ್ತರದ ಬೆಳಕು, ಶಾಶ್ವತವಾಗಿ. ಬೇಕಾ? ಎರಡು ಕಡೆ ತಪ್ಪಿದೆ.

ಅವನು ಉತ್ತರ ಕೊಟ್ಟ. ನಾನು ಮೈಕು ಎತ್ತಿಕೊಂಡೆ.

"ಕೋಣೆ ಕೊಟ್ಟದ್ದಕ್ಕೆ ತುಂಬ ಸಂತೋಷ" ಎಂದೆ. "ಆದರೆ ಅದನ್ನ ಬೇರೆ ಯಾರಾದರೂ ಹುಡುಗರಿಗೆ ಕೊಡಿ. ನಾನು ಊರು ಬಿಟ್ಟು ಹೋಗ್ತಾ ಇದ್ದೀನಿ. ಬೆಟ್ಟದ ಮೇಲೆ ಕಿವುಡ ಮಕ್ಕಳ ಶಾಲೆ ಇದೆ, ಅಲ್ಲಿ ಇರ್ತೀನಿ. ಈ ಚಿತ್ರಗಳಲ್ಲಿ ಇರೋದು ಮೌನ ಅಲ್ಲ. ಎಲ್ಲದರಲ್ಲೂ ಒಬ್ಬರು ನಿಂತು ನನ್ನ ಜೊತೆ ಮಾತಾಡೋಕೆ ಜಾಗ ಬಿಟ್ಟಿದ್ದೀನಿ. ಇನ್ನು ಮುಂದೆ ಆ ಜಾಗದಲ್ಲಿ ಜನರನ್ನ ಬರೀತೀನಿ."

ನಾನು ಏನು ಹೇಳಿದೆ ಎಂದು ತಮ್ಮ ನನ್ನನ್ನು ಕೇಳಲಿಲ್ಲ. ಜನರ ಮುಖಗಳನ್ನು ನೋಡುತ್ತಿದ್ದ. ಒಂದೊಂದೇ ಮುಖ ಬದಲಾಗುವುದನ್ನು ನೋಡಿ ತಲೆಯಾಡಿಸಿದ, ಸರಿಯಾಗಿದೆ ಎನ್ನುವ ಹಾಗೆ.

ಇ‌ಳಿದು ಬರುವಾಗ ಕಾರ್ಯದರ್ಶಿ, "ಇದನ್ನ ಮೊದಲೇ ಒಂದು ಮಾತು ಹೇಳಬಾರದಿತ್ತಾ ಅಕ್ಕಾ? ಬೀಗದ ಕೈಗೆ ರಿಬ್ಬನ್ ಬೇರೆ ಕಟ್ಟಿದ್ವಿ" ಎಂದು ಗೊಣಗಿದರು. ಚೀಲದವಳು ನನ್ನ ಎರಡು ಕೈಗಳನ್ನೂ ಹಿಡಿದುಕೊಂಡಳು. ಕೈ ಹಿಡಿದರೆ ನಾನು ಏನಾದರೂ ಹೇಳುವುದು ಹೇಗೆ? ಹೇಳಬಾರದು ಎಂದೇ ಹಿಡಿದಳೋ ಏನೋ.

ಫೆಬ್ರವರಿ 26, ಬುಧವಾರ

ಟ್ರಂಕು ತುಂಬುವುದರಲ್ಲೇ ದಿನ ಹೋಗುತ್ತಿದೆ. ಸ್ವೆಟರ್ ಬೇಡ ಎನ್ನುತ್ತಾನೆ. ಬೆಟ್ಟದಲ್ಲಿ ಚಳಿ ಎಂದರೆ, ನಿನಗೆ ಹೇಗೆ ಗೊತ್ತು ಎನ್ನುತ್ತಾನೆ. ಜಗಳವಾಡಿ ಆಡಿ ನನ್ನ ರಟ್ಟೆ ನೋಯುತ್ತಿದೆ. ಬಾಯಲ್ಲಿ ಜಗಳವಾಡುವಾಗ ಈ ಕಷ್ಟ ಇರಲಿಲ್ಲ. ನನ್ನ ಜಗಳದಲ್ಲಿ ವ್ಯಾಕರಣ ತಪ್ಪಿದೆ ಎಂದು ಬೇರೆ ತಿದ್ದುತ್ತಾನೆ.

ಅಷ್ಟು ದೂರದ ಶಾಲೆ, ಅಲ್ಲಿ ಊಟ ಹೇಗೋ, ನೀರು ಹೇಗೋ. ಇವಳು ಹೇಳಿದ್ದನ್ನೆಲ್ಲ ನಂಬಲಾದೀತೇ? ಮುಂದಿನ ತಿಂಗಳು ಒಂದು ಸಲ ಹೇಳದೆ ಕೇಳದೆ ಹೋಗಿ ನೋಡಿ ಬರಬೇಕು.

ಮಾರ್ಚ್ 2, ಭಾನುವಾರ

ಅವನನ್ನು ಕಳಿಸಿ ಬಂದೆ.

ಎಸಿ ಬಸ್ಸು. ಕಿಟಕಿಗೆಲ್ಲ ತೆರೆಯಲಾಗದ ಗಾಜು. ಕಳಿಸಲು ಬಂದವರೆಲ್ಲ ಕೆಳಗೆ ನಿಂತು ಕೂಗುತ್ತಿದ್ದರು. "ಮುಟ್ಟಿದ ತಕ್ಷಣ ಫೋನ್ ಮಾಡು." ಒಳಗಿನವರು ಕಿವಿಗೆ ಕೈ ಹಿಡಿದು, "ಏನು? ಏನಂದೆ?" ಎಂದು ಬಾಯಿ ಆಡಿಸುತ್ತಿದ್ದರು. ಒಬ್ಬ ಗಂಡಸು ಗಾಜಿಗೆ ಬಾಯಿ ಹಚ್ಚಿ ಕೂಗಿದ, ಅವನ ಹೆಂಡತಿ ಒಳಗೆ ಸುಮ್ಮನೆ ನಗುತ್ತ ತಲೆಯಾಡಿಸಿದಳು. ಏನೂ ಕೇಳಿಸಿಲ್ಲ ಎನ್ನುವುದು ನನಗೆ ಗೊತ್ತಾಯಿತು, ಆ ಗಂಡಸಿಗೆ ಗೊತ್ತಾಗಲಿಲ್ಲ.

ನಾವಿಬ್ಬರು ಮಾತಾಡುತ್ತಲೇ ಇದ್ದೆವು.

"ಸ್ವೆಟರ್ ಮೇಲುಗಡೆ ಇಟ್ಟಿದ್ದೀನಿ."

"ನೋಡಿದೆ. ತೆಗೆದು ನಿನ್ನ ಹಾಸಿಗೆಯ ಕೆಳಗೆ ಇಟ್ಟಿದ್ದೇನೆ."

"ನೀನು ಮನುಷ್ಯನಾ?"

"ನಾಳೆಯಿಂದ ಮತ್ತೆ ಪಾಠಕ್ಕೆ ಹೋಗು. ಬಿಡಬೇಡ. ನಿನ್ನ ಕೈ ಇನ್ನೂ ತೊದಲುತ್ತದೆ."

"ನಿನ್ನ ಚಹಾ ನನ್ನದಕ್ಕಿಂತ ಕೆಟ್ಟದ್ದು. ಅಲ್ಲಿ ಯಾರಿಗೂ ಮಾಡಿಕೊಡಬೇಡ, ಓಡಿಸಿಬಿಟ್ಟಾರು."

ಅವನು ನಕ್ಕ. ಸದ್ದು ಗಾಜಿನ ಈಚೆಗೆ ಬರಲಿಲ್ಲ. ಸುತ್ತಲಿನವರು ಕೂಗುವುದನ್ನು ಬಿಟ್ಟು ನಮ್ಮಿಬ್ಬರನ್ನು ನೋಡತೊಡಗಿದ್ದರು. ಅವರಿಗೆ ಏನು ತಿಳಿಯಬೇಕು? ಆದರೆ ಅವನ ಪಕ್ಕದ ಸೀಟಿನಲ್ಲಿ ಚೀಲವನ್ನು ತೊಡೆಯ ಮೇಲಿಟ್ಟುಕೊಂಡು ಕೂತಿದ್ದಳಲ್ಲ ಅವಳು, ನಮ್ಮ ಮಾತನ್ನು ಮೊದಲಿನಿಂದ ಕೊನೆಯವರೆಗೆ ಬಿಡದೆ ನೋಡುತ್ತಿದ್ದಳು. ಅಕ್ಕ ತಮ್ಮ ಮಾತಾಡುವಾಗ ಆಚೆ ತಿರುಗಬೇಕು ಎನ್ನುವ ಮರ್ಯಾದೆ ಬೇಡವೇ? ಕದ್ದು ಕೇಳುವ ಹೆಂಗಸರನ್ನು ಕಂಡರೆ ನನಗೆ ಆಗುವುದಿಲ್ಲ.

ಬಸ್ಸು ಹಿಂದಕ್ಕೆ ಸರಿಯತೊಡಗಿತು. ನಾನು ಪಕ್ಕಕ್ಕೆ ನಾಲ್ಕು ಹೆಜ್ಜೆ ಓಡಿ, ಅವಳಿಗೆ ಕಾಣದ ಹಾಗೆ, ಅವನಿಗೆ ಮಾತ್ರ ಕಾಣುವ ಹಾಗೆ ಕೈಗಳನ್ನು ಎದೆಯ ಹತ್ತಿರ ಹಿಡಿದು, ಇಷ್ಟು ವರ್ಷ ಹೇಳದೆ ಇದ್ದ ಒಂದು ಮಾತು ಹೇಳಿದೆ. ತಪ್ಪಿಲ್ಲದೆ ಹೇಳಿದೆ. ಅವನು ಗಾಜಿಗೆ ಹಣೆ ಹಚ್ಚಿ ಉತ್ತರ ಕೊಟ್ಟ. ಬಸ್ಸು ತಿರುವಿನಲ್ಲಿ ಮರೆಯಾಗುವವರೆಗೂ ಅವನ ಕೈ ಕಾಣುತ್ತಿತ್ತು.

ಏನು ಹೇಳಿದೆ ಎಂದು ಇಲ್ಲಿ ಬರೆಯುವುದಿಲ್ಲ. ಈ ಪುಸ್ತಕ ಯಾರ ಕೈಗೆ ಸಿಗುತ್ತದೋ, ಯಾರಿಗೆ ಗೊತ್ತು.